ಎಂಟು ಚೌಕ

ದಕ್ಕೆಯ ದಾರಿಯಲ್ಲಿ ಮಂಜುಗಡ್ಡೆ ಫ್ಯಾಕ್ಟರಿ ದಾಟಿದರೆ
ನಮ್ಮ ಟಾಕೀಸು. ಈಗ ಅಲ್ಲಿ ಟೈಲ್ಸ್ ಗೋದಾಮು.
ಬೆಳಿಗ್ಗೆ ಹತ್ತೂವರೆಗೆ ದೊಡ್ಡವರ ಪಿಕ್ಚರು.
ಬೋಟಿನಿಂದ ಇಳಿದವರು, ಲಾರಿ ಕ್ಲೀನರುಗಳು,
ಕಾಲೇಜಿಗೆ ಹೊರಟು ದಾರಿ ತಪ್ಪಿದವರು,
ಕೊಡೆಯನ್ನು ಮುಖಕ್ಕೆ ಅಡ್ಡ ಹಿಡಿದ ಒಬ್ಬ ಕನ್ನಡ ಪಂಡಿತರು.
ಸಿಗಡಿಯ ವಾಸನೆ ಪರದೆಯವರೆಗೂ.

ಅವು ಇಟಲಿಯವೆಂದು ನಮಗೇನು ಗೊತ್ತು?
ಕೇಳುತ್ತಿದ್ದದ್ದು ಇಂಗ್ಲಿಷು, ತುಟಿ ಮಾತ್ರ ಬೇರೇನೋ ಹೇಳುತ್ತಿತ್ತು.
‘ತುಟಿ ಒಂದೂರಿನದು, ಸ್ವರ ಇನ್ನೊಂದೂರಿನದು,
ನಮ್ಮ ಹಾಗೇ ಮಾರಾಯ’ ಎನ್ನುತ್ತಿದ್ದ
ಆಪರೇಟರ್ ಲಿಗೋರಿ ಕುವೆಲ್ಲೊ.
ಮನೆಯಲ್ಲಿ ಕೊಂಕಣಿ, ಗೇಟಿನಲ್ಲಿ ತುಳು,
ಸಾಹುಕಾರರೆದುರು ಕನ್ನಡ,
ಕುಡಿದರೆ ಮಾತ್ರ ಲ್ಯಾಟಿನ್.
ನಾನು ಅವನ ರೀಲು ಸುತ್ತುವ ಹುಡುಗ.

ಡಬ್ಬಿಯ ಮೇಲಿನ ಅಕ್ಷರ ಓದಿ ಪತ್ತೆ ಮಾಡಿದವನೂ ಅವನೇ.
‘ಗುಡ್ಡದ ಚಾಪೆಲಿನ ಮಾಡಿಗೆ ಚಿತ್ರ ಬರೆದನಲ್ಲ,
ಅವನ ಮೊಮ್ಮಕ್ಕಳು ಇವರು. ನೋಡು, ಅದೇ ಕೆಂಪು.’
ಬ್ರದರಿಗೆಲ್ಲಿಯ ಮೊಮ್ಮಕ್ಕಳು ಎಂದರೆ
ಬೀಡಿ ಕೆಮ್ಮಿಕೊಂಡು ನಗುತ್ತಿದ್ದ.
ಅವನಮ್ಮನ ಗೋಡೆಯಲ್ಲಿ
ತಟ್ಟೆಯಲ್ಲಿ ಎರಡು ಕಣ್ಣಿಟ್ಟುಕೊಂಡ ಸಾಂತ ಲೂಸಿ,
ಸುಲಿದ ತನ್ನ ಚರ್ಮವನ್ನೇ ಬೈರಾಸಿನ ಹಾಗೆ
ತೋಳಿಗೆ ಹಾಕಿಕೊಂಡ ಸಾಂತ ಬಾರ್ತೊಲೊಮೆವ್.
ದಿನಾ ಸಂಜೆ ಅವರೆದುರು ಮೊಣಕಾಲೂರಿದವನಿಗೆ
ಯಾವ ರಕ್ತ, ಯಾವ ಹೆದರಿಕೆ?

ಪೋಸ್ಟರ್ ಬರೆಯುವ ಸೇಸಪ್ಪ ಸುಣ್ಣ ಕಲಸುತ್ತಾ ಹೇಳುತ್ತಿದ್ದ:
‘ನರಸಿಂಹ ಕರುಳು ಬಗೆಯುವ ಹೊತ್ತಿಗೆ
ಮಲಗಿದ ಮಕ್ಕಳನ್ನು ಎಬ್ಬಿಸಿ ತೋರಿಸುತ್ತೇವಲ್ಲ,
ನಾವೇನು ಕಡಿಮೆ?’

ಆಮೇಲೆ ಒಂದು ಪಿಕ್ಚರು ಬಂತು. ಹೆಸರು ಬೇಡ.
ಬಿಳಿಯರು ಕಾಡಿಗೆ ಹೋಗುತ್ತಾರೆ,
ಅಲ್ಲಿರುವವರು ಮನುಷ್ಯರನ್ನು ತಿನ್ನುತ್ತಾರೆ, ಅಷ್ಟೇ ಕತೆ.
ಸೇಸಪ್ಪ ಇಪ್ಪತ್ತಡಿಯ ಬಾಯಿ ಬರೆದು
ಒಂದೊಂದು ಹಲ್ಲಿಗೂ ಬಣ್ಣ ತುಂಬಿದ್ದ.
ಮೊದಲ ಅರ್ಧ ಗಂಟೆ ಸೀಟಿ.
ಮತ್ತೆ ಪರದೆಯಲ್ಲಿ ಬಾಳೆ, ಹಲಸು, ಕೆಸುವಿನೆಲೆ.
ಕುಕ್ಕರಗಾಲಲ್ಲಿ ಕೂತು ಗೆಡ್ಡೆ ಸುಲಿಯುವ ಹೆಂಗಸು.
ಮುಂದಿನ ಬೆಂಚಿನಿಂದ ಯಾರೋ, ‘ಇದು ನಮ್ಮ ತನಿಯಕ್ಕನಲ್ವಾ!’
ಒಂದು ನಗು. ಅದು ನಡುವೆಯೇ ನಿಂತುಹೋಯಿತು.
ಕ್ಯಾಮರಾದ ಮುಂದೆ ಜೀವಂತ ಉಡವೊಂದನ್ನು
ಸುಮ್ಮನೆ, ತೋರಿಸಲಿಕ್ಕೆಂದೇ, ಸೀಳಿದರು.
ಬೆಳಗಿನಿಂದ ಮೀನು ಸೀಳಿ ಬಂದವರು ಎದ್ದು ಹೊರಟರು.
‘ತಿನ್ನಲಿಕ್ಕಲ್ಲ, ಮಾರಲಿಕ್ಕಲ್ಲ. ಎಂಥ ಜನ ಇವರು!’

ಸೇಸಪ್ಪ ಕೊನೆವರೆಗೂ ಕೂತಿದ್ದ.
ಹೊರಗೆ ಬಂದು ಚಾ ಹಿಡಿದು ಕೇಳಿದ್ದಿಷ್ಟೇ:
‘ಆ ಕಾಡಿನವರಿಗೆ ದಿನಕ್ಕೆಷ್ಟು ಕೊಟ್ಟಿರಬಹುದು?
ಮಧ್ಯಾಹ್ನದ ಊಟ ಇತ್ತಾ?’
ಮರುದಿನ ಏಣಿ ಹತ್ತಿ ಬಾಯಿ ಮುಚ್ಚಿಬಿಟ್ಟ.
ಹಲ್ಲಿಲ್ಲದ ಪೋಸ್ಟರಿಗೆ ಜನ ಬರುತ್ತಾರಾ ಅಂತ
ಸಾಹುಕಾರರು ಮೂರು ರೂಪಾಯಿ ಹಿಡಿದರು.

ಬುಧವಾರ ಪ್ರಿಂಟು ತುಂಡಾಯಿತು.
ಲಿಗೋರಿ ಹರಿದ ಕಡೆ ಕತ್ತರಿಸಿ ಅಂಟಿಸಿದ.
ಬಿದ್ದ ಚೂರು ನನ್ನ ಜೇಬಿಗೆ. ಎಂಟು ಚೌಕ,
ಒಂದು ಸೆಕೆಂಡಿನ ಮೂರರಲ್ಲೊಂದು ಪಾಲು.

ಮೊನ್ನೆ ಝೊಹರಾ ಎಂಬ ಹುಡುಗಿ ಬಂದಿದ್ದಳು,
ಪಿಎಚ್‌ಡಿ ಮಾಡುತ್ತಾಳಂತೆ.
ಆ ಪಿಕ್ಚರುಗಳನ್ನು ಈಗ ಅಲ್ಲಿ ತೊಳೆದು, ಬಣ್ಣ ತಿದ್ದಿ,
ಕೋಟು ಹಾಕಿದವರು ಕೂತು ನೋಡುತ್ತಾರಂತೆ.
‘ಇವುಗಳ ಸಾಂಸ್ಕೃತಿಕ ಮಹತ್ವ ಏನು, ಅಂಕಲ್?’
ಫೋನು ಮೇಜಿನ ಮೇಲೆ, ಕೆಂಪು ಚುಕ್ಕಿ ಉರಿಯುತ್ತಾ.

ನಾನು ಬಿಸ್ಕೆಟ್ ಡಬ್ಬಿ ತೆರೆದೆ.
ಗಪ್ಪನೆ ವಿನೆಗರ್ ವಾಸನೆ,
ಲಿಗೋರಿಯ ಮನೆಯ ಕ್ರಿಸ್ಮಸ್ಸಿನ ಸೊರ್ಪತೆಲ್ ಹಾಗೆ.
ಫಿಲ್ಮು ಸಾಯುವುದು ಹೀಗೆ ಎಂದೆ.
ಹಸಿರು ಹೋಗಿದೆ, ನೀಲಿ ಹೋಗಿದೆ,
ಉಳಿದದ್ದು ಆ ಕೆಂಪೊಂದೇ.

ಕಿಟಕಿಗೆ ಹಿಡಿದು ನೋಡಿದಳು.
ಗೆಡ್ಡೆ ಸುಲಿಯುತ್ತಿದ್ದ ಅದೇ ಹೆಂಗಸು.
ಕಟ್ ಹೇಳಿದರೆಂದುಕೊಂಡಿರಬೇಕು,
ಯಾರ ಕಡೆಗೋ ತಿರುಗಿ ನಗುತ್ತಿದ್ದಾಳೆ,
ಬಾಯಿಗೆ ಕೈ ಅಡ್ಡ.

‘ಕೈ ನೋಡು’ ಎಂದೆ.
ಮಣಿಕಟ್ಟಿನಲ್ಲಿ ತೆಳು ಬಣ್ಣದೊಂದು ಪಟ್ಟಿ,
ವಾಚು ಬಿಚ್ಚಿಟ್ಟ ಗುರುತು.

ಹುಡುಗಿ ಬಹಳ ಹೊತ್ತು ಮಾತಾಡಲಿಲ್ಲ.
ಫೋನು ನಮ್ಮ ಫ್ಯಾನಿನ ಸದ್ದು ಬರೆದುಕೊಳ್ಳುತ್ತಿತ್ತು.
ಗಂಟೆ ಎಷ್ಟಾಗಿತ್ತೋ ಅಲ್ಲಿ.
ಊಟಕ್ಕೆ ಬಿಟ್ಟಿದ್ದರೋ ಏನೋ.